ಬಾಸ್ಕ್ ನಾಡಿನಲ್ಲಿ ಎಂಟು ರಾತ್ರಿ: ಮೊದಲು ವಾರ ನೋಡಿ, ಆಮೇಲೆ ಊರು

ಪ್ರಶ್ನೆ: ನಾವು ಧಾರವಾಡದವರು. ನಾನು, ನನ್ನ ಗಂಡ, ನಮ್ಮತ್ತೆ ಮೂವರೂ ಮುಂದಿನ ಮೇ ತಿಂಗಳಲ್ಲಿ ಸ್ಪೇನ್‌ನ ಬಾಸ್ಕ್ ಪ್ರದೇಶಕ್ಕೆ ಹೋಗಬೇಕು ಅಂದುಕೊಂಡಿದ್ದೇವೆ. ಕೈಯಲ್ಲಿರುವುದು ಒಂದು ವಾರ, ಎಂಟು ರಾತ್ರಿ. ಬಿಲ್ಬಾವೊ, ಸ್ಯಾನ್ ಸೆಬಾಸ್ಟಿಯನ್, ವಿಟೋರಿಯಾ, ಪಾಂಪ್ಲೋನಾ, ಬಿಯಾರಿಟ್ಸ್, ಬಯೋನ್ ಎಲ್ಲ ನೋಡುವ ಆಸೆ. ಗಂಡ ಮೀನು, ಮಾಂಸ ತಿನ್ನುತ್ತಾರೆ. ನಾನು ಮೊಟ್ಟೆಯವರೆಗೆ. ಅತ್ತೆಗೆ 68 ವರ್ಷ, ಮೊಟ್ಟೆಯನ್ನೂ ಮುಟ್ಟುವುದಿಲ್ಲ, ಹಾಲು ಮೊಸರು ಆಗುತ್ತದೆ. ಅವರಿಗೆ ಸ್ವಲ್ಪ ಮಂಡಿ ನೋವೂ ಇದೆ. ಊಟಕ್ಕೆ ಹೆಸರಾದ ನಾಡಿಗೆ ಹೋಗಿ ಅವರು ಉಪವಾಸ ಇರುವಂತೆ ಆಗಬಾರದು. ಹೇಗೆ ಯೋಜನೆ ಮಾಡಲಿ?

ಉತ್ತರ: ನಿಮ್ಮ ಪಟ್ಟಿಯಲ್ಲಿ ಆರು ಊರುಗಳಿವೆ. ಉಳಿದುಕೊಳ್ಳುವುದಕ್ಕೆ ಮೂರು ಸಾಕು: ಬಿಲ್ಬಾವೊ, ಸ್ಯಾನ್ ಸೆಬಾಸ್ಟಿಯನ್, ವಿಟೋರಿಯಾ. ಬಯೋನ್ ಗಡಿಯಾಚೆ ಫ್ರಾನ್ಸಿನಲ್ಲಿದೆ, ಅಲ್ಲಿಗೆ ಒಂದು ದಿನ ಹೋಗಿ ಬನ್ನಿ. ಪಾಂಪ್ಲೋನಾ ಮತ್ತು ಬಿಯಾರಿಟ್ಸ್ ಈ ಸಲ ಬಿಟ್ಟುಬಿಡಿ. ನೀವು ಉಳಿದುಕೊಳ್ಳುವ ಮೂರು ಊರುಗಳು ಒಂದು ತ್ರಿಕೋನದ ಹಾಗೆ ಇವೆ. ಬಿಲ್ಬಾವೊದಿಂದ ಸ್ಯಾನ್ ಸೆಬಾಸ್ಟಿಯನ್‌ಗೆ ಸುಮಾರು 100 ಕಿಲೋಮೀಟರ್, ಅಲ್ಲಿಂದ ವಿಟೋರಿಯಾಗೆ ಹೆಚ್ಚುಕಮ್ಮಿ ಅಷ್ಟೇ, ವಿಟೋರಿಯಾದಿಂದ ಮತ್ತೆ ಬಿಲ್ಬಾವೊಗೆ ಬಸ್‌ನಲ್ಲಿ ಒಂದು ತಾಸು. ಕಾರು ಬೇಡವೇ ಬೇಡ. ಬಿಲ್ಬಾವೊ ಮತ್ತು ಸ್ಯಾನ್ ಸೆಬಾಸ್ಟಿಯನ್ ನಡುವೆ ರೈಲೂ ಇದೆ. ಆದರೆ ಅದು ಬೆಟ್ಟ ಸುತ್ತಿ ಎರಡೂವರೆ ತಾಸಿಗಿಂತ ಜಾಸ್ತಿ ತಗೊಳ್ಳುತ್ತದೆ. ಬಸ್ಸು ಒಂದೂಕಾಲು ತಾಸಿನಲ್ಲಿ ಮುಟ್ಟಿಸುತ್ತದೆ.

ಇನ್ನು ಮುಖ್ಯ ಮಾತು. ಹೆಚ್ಚಿನವರು ನನ್ನನ್ನು ಕೇಳುವುದು ಯಾವ ಊರು, ಯಾವ ಹೋಟೆಲ್ ಅಂತ. ನಾನು ತಿರುಗಿ ಕೇಳುವುದು ಒಂದೇ: ಯಾವ ವಾರ, ಅಂದರೆ ಸೋಮವಾರವೋ ಶನಿವಾರವೋ, ಇಳಿಯುತ್ತೀರಿ? ಬಾಸ್ಕ್ ನಾಡಿನ ಊಟ ಇವತ್ತಿಗೂ ವಾರದ ಲೆಕ್ಕದಲ್ಲೇ ನಡೆಯುತ್ತದೆ. ನಮ್ಮ ಕಡೆ ಸಂತೆಗೆ ಇಂಥ ವಾರ ಅಂತ ಇರುವ ಹಾಗೆ. ಗೆರ್ನಿಕಾದ ಸಂತೆ ಸೋಮವಾರ. ಓರ್ದಿಸಿಯಾದ ಸಂತೆ ಬುಧವಾರ. ಅದು 1512ರಿಂದ ನಡೆದು ಬಂದದ್ದು. ತೊಲೋಸಾದ ಸಂತೆ ಶನಿವಾರ. ಗುರುವಾರ ಸಂಜೆ ಬಾರುಗಳಲ್ಲಿ 'ಪಿಂಚೊ ಪೋತೆ', ಅಂದರೆ ಒಂದು ಲೋಟ ಪಾನೀಯ, ಜತೆಗೆ ಒಂದು ತಿಂಡಿ, ಎರಡೂ ಸೇರಿ ಕಡಿಮೆ ಬೆಲೆಗೆ. ಭಾನುವಾರ ರಾತ್ರಿ ಬಹಳಷ್ಟು ಅಡುಗೆಮನೆಗಳಿಗೆ ಬೀಗ. ಸೋಮವಾರ ವಸ್ತು ಸಂಗ್ರಹಾಲಯಗಳಿಗೆ ರಜೆ. ನಾನು ಮೊದಲ ಸಲ ಇದು ಗೊತ್ತಿಲ್ಲದೆ ಭಾನುವಾರ ರಾತ್ರಿ ಒಂಬತ್ತಕ್ಕೆ ಊಟ ಹುಡುಕುತ್ತಾ ಹೊರಟೆ. ಕೊನೆಗೆ ಬಸ್ ನಿಲ್ದಾಣದ ಬಿಸ್ಕತ್ತು ತಿಂದು ಮಲಗಿದೆ. ನಿಮ್ಮತ್ತೆಗೆ ಹಾಗಾಗುವುದು ಬೇಡ.

ಆದ್ದರಿಂದ ಶನಿವಾರ ಸಂಜೆ ಬಿಲ್ಬಾವೊಗೆ ಇಳಿಯುವಂತೆ ಟಿಕೆಟ್ ಮಾಡಿ. ಶನಿ, ಭಾನು, ಸೋಮ ಮೂರು ರಾತ್ರಿ ಬಿಲ್ಬಾವೊ. ಮಂಗಳವಾರದಿಂದ ಶುಕ್ರವಾರದವರೆಗೆ ನಾಲ್ಕು ರಾತ್ರಿ ಸ್ಯಾನ್ ಸೆಬಾಸ್ಟಿಯನ್. ಶನಿವಾರ ಒಂದು ರಾತ್ರಿ ವಿಟೋರಿಯಾ. ಭಾನುವಾರ ಸಂಜೆ ವಾಪಸ್ ವಿಮಾನ. ಮೇ 1 ಮಾತ್ರ ನಿಮ್ಮ ವಾರದೊಳಗೆ ಬರದಿರಲಿ. ಅವತ್ತು ಕಾರ್ಮಿಕರ ದಿನ, ಅಂಗಡಿ ಮಾರುಕಟ್ಟೆ ಎಲ್ಲ ಮುಚ್ಚಿರುತ್ತವೆ.

ಊರಿಗಿಂತ ಮೊದಲು ಅತ್ತೆಯವರ ಊಟದ ವಿಷಯ ಮುಗಿಸೋಣ. ನಿಮ್ಮ ಪ್ರಶ್ನೆಯಲ್ಲಿ ನನ್ನ ಮನಸ್ಸಿಗೆ ತಾಕಿದ್ದು ಅದೇ.

ಬಾಸ್ಕ್ ಅಡುಗೆ ಕಡಲು ಮತ್ತು ಕುರಿ ಹಟ್ಟಿಯ ಅಡುಗೆ. ಶುದ್ಧ ಸಸ್ಯಾಹಾರ ಅನ್ನುವ ಕಲ್ಪನೆ ಅಲ್ಲಿ ಹೊಸದು. 'ಮಾಂಸ ಬೇಡ' ಅಂದರೆ 'ಹಾಮೊನ್' ಅನ್ನುವ ಹಂದಿಯ ಒಣಮಾಂಸವೂ ಬೇಡ ಅಂತ ಎಲ್ಲರಿಗೂ ಹೊಳೆಯುವುದಿಲ್ಲ. ಮಿಶ್ರ ಸಾಲಡ್ ಅಂದರೆ ಮೇಲೆ ಟ್ಯೂನಾ ಮೀನು ಇದ್ದೇ ಇರುತ್ತದೆ. 'ವೆಹೆತಾಲ್' ಅಂತ ಬರೆದಿರುವ ಸ್ಯಾಂಡ್‌ವಿಚ್ ತಗೊಂಡರೆ ಒಳಗೆ ಟ್ಯೂನಾ, ಮೊಟ್ಟೆ ಸಿಗುವುದು ಮಾಮೂಲು. ತರಕಾರಿ ಪಲ್ಯದಂತಿರುವ 'ಮೆನೆಸ್ತ್ರಾ'ದಲ್ಲಿ ಹಾಮೊನ್ ಚೂರು ಇರುತ್ತದೆ. 'ಪೊರ್ರುಸಾಲ್ದಾ' ಅನ್ನುವ ಲೀಕ್ ಮತ್ತು ಆಲೂಗಡ್ಡೆಯ ಸಾರು ನೋಡಲು ಸಾಧು, ಆದರೆ ಕೆಲವು ಕಡೆ ಅದಕ್ಕೆ ಕಾಡ್ ಮೀನು ಹಾಕುತ್ತಾರೆ. ಅದಕ್ಕೇ ಒಂದು ಚೀಟಿ ಬರೆದು ಅತ್ತೆಯವರ ಕೈಯಲ್ಲಿಡಿ: 'ಸಿನ್ ಕಾರ್ನೆ, ಸಿನ್ ಪೆಸ್ಕಾದೊ, ಸಿನ್ ಹಾಮೊನ್, ಸಿನ್ ಅತೂನ್, ಸಿನ್ ವೇವೊ.' ಮಾಂಸ, ಮೀನು, ಹಾಮೊನ್, ಟ್ಯೂನಾ, ಮೊಟ್ಟೆ ಯಾವುದೂ ಬೇಡ ಅಂತ ಅರ್ಥ. ಒಂದೊಂದನ್ನೂ ಹೆಸರು ಹಿಡಿದು ಹೇಳಬೇಕು. ಹಾಗೆ ಹೇಳಿದರೆ ಅವರು ಮುಖ ಗಂಟಿಕ್ಕುವುದಿಲ್ಲ. ನಿಜವಾಗಿ ಯೋಚನೆ ಮಾಡಿ ಏನಾದರೂ ಮಾಡಿಕೊಡುತ್ತಾರೆ.

ಇನ್ನೊಂದು ಸೂಕ್ಷ್ಮ ಇದೆ. ಅಲ್ಲಿನ ಹೆಮ್ಮೆಯ ಚೀಸ್ ಇದಿಯಸಾಬಲ್. ಲಾಚಾ ತಳಿಯ ಕುರಿಯ ಹಾಲಿನದು. ಕುರಿಹಾಲಿನಿಂದಲೇ ಮಾಡುವ 'ಮಾಮಿಯಾ' ನಮ್ಮ ಗಟ್ಟಿ ಮೊಸರಿನ ಹಾಗೆ ಕಾಣುತ್ತದೆ, ಜೇನುತುಪ್ಪ ಹಾಕಿ ಕೊಡುತ್ತಾರೆ. ಹಿಂದೆ ಕಾದ ಕಲ್ಲನ್ನು ಹಾಲಿನೊಳಗೆ ಹಾಕಿ ಕುದಿಸುತ್ತಿದ್ದರು. ಈಗಲೂ ಕೆಲವು ಕಡೆ ಆ ಸುಟ್ಟ ಪರಿಮಳ ಉಳಿದಿದೆ. ಆದರೆ ಎರಡಕ್ಕೂ ಹಾಕುವ ಹೆಪ್ಪು ಸಾಂಪ್ರದಾಯಿಕವಾಗಿ ಕುರಿಮರಿಯ ಹೊಟ್ಟೆಯಿಂದ ತೆಗೆದದ್ದು. ಅತ್ತೆ ಇದನ್ನು ಒಪ್ಪುತ್ತಾರಾ ಇಲ್ವಾ ಅನ್ನುವುದು ಅವರ ನಿರ್ಧಾರ. ಆದರೆ ತಿಂದ ಮೇಲೆ ಗೊತ್ತಾಗುವುದಕ್ಕಿಂತ ಹೊರಡುವ ಮೊದಲೇ ಅವರಿಗೆ ಹೇಳಿಬಿಡಿ.

ಹಾಗಾದರೆ ತಿನ್ನುವುದೇನು? ಸಾಕಷ್ಟಿದೆ. ಬೆರಳುದ್ದದ ಗೆರ್ನಿಕಾ ಹಸಿ ಮೆಣಸಿನಕಾಯಿ. ಅದನ್ನು ಎಣ್ಣೆಯಲ್ಲಿ ಬಾಡಿಸಿ ಕಲ್ಲುಪ್ಪು ಉದುರಿಸುತ್ತಾರೆ, ಖಾರ ಇಲ್ಲ. ಇಬಾರ್ರಾ ಊರಿನ ತೆಳ್ಳಗಿನ ಹಸಿರು ಮೆಣಸಿನಕಾಯಿಯ ಉಪ್ಪಿನಕಾಯಿ, ವಿನೆಗರ್‌ನಲ್ಲಿ ಹಾಕಿದ್ದು. ನೀವು ಹೋಗುವ ಮೇ ತಿಂಗಳಲ್ಲಿ ನವಾರಾದ ಬಿಳಿ ಆಸ್ಪರಾಗಸ್ ಬರುತ್ತದೆ. ಮೇಯೊನೀಸ್ ಬೇಡ ಅಂತ ಹೇಳಿ, ಬರೀ ಆಲಿವ್ ಎಣ್ಣೆ ಸಾಕು. 'ಕಣ್ಣೀರ ಬಟಾಣಿ' ಅಂತ ಕರೆಯುವ ಎಳೆ ಬಟಾಣಿಯೂ ವಸಂತದಲ್ಲೇ. ಬೆಲೆ ಜಾಸ್ತಿ, ಆದರೆ ಬಾಯಲ್ಲಿಟ್ಟರೆ ಸಿಹಿನೀರಿನ ಹನಿಯಂತೆ ಒಡೆಯುತ್ತದೆ. ಹೆಂಚಿನ ಮೇಲೆ ಬಾಡಿಸಿದ ಅಣಬೆ ಕೊಡುವಾಗ ಮೇಲೆ ಹಸಿ ಮೊಟ್ಟೆಯ ಹಳದಿ ಇಡುತ್ತಾರೆ, ಅದನ್ನು ಬಿಡಿಸಿ. ಸಂತೆ, ಜಾತ್ರೆಯಲ್ಲಿ 'ತಾಲೊ' ಕಂಡರೆ ಅತ್ತೆಗೆ ತಪ್ಪದೆ ಕೊಡಿಸಿ. ಗೋವಿನಜೋಳದ ಹಿಟ್ಟನ್ನು ನೀರಲ್ಲಿ ಕಲಸಿ, ಕೈಯಲ್ಲಿ ತಟ್ಟಿ, ಹೆಂಚಿನ ಮೇಲೆ ಬೇಯಿಸುವ ರೊಟ್ಟಿ ಅದು. ಧಾರವಾಡದವರಿಗೆ ಆ ತಟ್ಟುವ ಸದ್ದು ಕೇಳಿದರೇ ಸಾಕು, ಅಲ್ವಾ? ಸಾಮಾನ್ಯವಾಗಿ ಅದರೊಳಗೆ 'ಚಿಸ್ತೊರ್ರಾ' ಅನ್ನುವ ಮಾಂಸದ ಸಾಸೇಜ್ ಇಡುತ್ತಾರೆ. ಚೀಸ್ ಅಥವಾ ಚಾಕೊಲೇಟ್ ಹಾಕಿಸಿಕೊಳ್ಳಬಹುದು. ಬರೀ ರೊಟ್ಟಿ ಕೇಳಿ ನಿಮ್ಮ ಚಟ್ನಿಪುಡಿ ಹಚ್ಚಿಕೊಳ್ಳಬಹುದು.

ಚಟ್ನಿಪುಡಿ, ಪುಳಿಯೋಗರೆ ಪುಡಿ, ಅವಲಕ್ಕಿ ಒಯ್ಯಿರಿ. ತುಪ್ಪ, ಹಾಲಿನ ಪದಾರ್ಥ ಮಾತ್ರ ಬೇಡ. ಹೊರದೇಶದಿಂದ ಮಾಂಸ, ಹಾಲಿನ ಪದಾರ್ಥ ತರುವುದಕ್ಕೆ ಯುರೋಪ್ ಒಕ್ಕೂಟದಲ್ಲಿ ನಿಷೇಧ ಇದೆ. ನಾಲ್ಕು ರಾತ್ರಿ ಇರುವ ಸ್ಯಾನ್ ಸೆಬಾಸ್ಟಿಯನ್‌ನಲ್ಲಿ ಅಡುಗೆಮನೆ ಇರುವ ಮನೆಯನ್ನೇ ಬಾಡಿಗೆಗೆ ಹಿಡಿಯಿರಿ. ಲಿಫ್ಟ್ ಇದೆಯಾ ಅಂತ ಕೇಳುವುದು ಮರೆಯಬೇಡಿ, ಹಳೆ ಪೇಟೆಯ ಎಷ್ಟೋ ಮನೆಗಳಲ್ಲಿ ಇರುವುದಿಲ್ಲ. ಮೂವರೂ ದಿನದ ದೊಡ್ಡ ಊಟವನ್ನು ಮಧ್ಯಾಹ್ನ ಒಂದೂವರೆಗೆ ಮಾಡಿ. ವಾರದ ದಿನಗಳಲ್ಲಿ 'ಮೆನು ದೆಲ್ ದಿಯಾ' ಅಂತ ನಿಗದಿ ಬೆಲೆಯ ಊಟ ಸಿಗುತ್ತದೆ. ನಾಲ್ಕರಿಂದ ಎಂಟರವರೆಗೆ ಅಡುಗೆಮನೆಗಳು ಮಲಗಿರುತ್ತವೆ. ಅತ್ತೆ ಆಗ ವಿಶ್ರಾಂತಿ ತಗೊಳ್ಳಲಿ.

ಈಗ ಬಿಲ್ಬಾವೊ. ಭಾನುವಾರ ಬೆಳಗ್ಗೆ ಹಳೆ ಪೇಟೆಯ ಪ್ಲಾಸಾ ನ್ವೇವಾಗೆ ಹೋಗಿ. ಸುತ್ತಲೂ ಕಮಾನು, ನಡುವೆ ಅಂಗಳ. ಅವತ್ತು ಹಳೆ ಪುಸ್ತಕ, ನಾಣ್ಯ, ಅಂಚೆಚೀಟಿ ಮಾರುವವರು ಬಂದು ಕೂರುತ್ತಾರೆ. ಕಮಾನುಗಳ ಕೆಳಗಿನ ಬಾರುಗಳಲ್ಲಿ ನಿಮ್ಮ ಮೊದಲ ಪಿಂಚೊ ತಿನ್ನಿ.

ಪಿಂಚೊ ತಿನ್ನುವುದಕ್ಕೂ ಒಂದು ರೀತಿ ಇದೆ. ಕೌಂಟರ್ ಮೇಲೆ ಬಣ್ಣಬಣ್ಣದ ತಿಂಡಿ ಜೋಡಿಸಿಟ್ಟಿರುತ್ತಾರೆ. ಹೊಸಬರು ತಟ್ಟೆ ತುಂಬ ಅದನ್ನೇ ತುಂಬಿಕೊಂಡು ಒಂದೇ ಕಡೆ ಕೂತುಬಿಡುತ್ತಾರೆ. ಊರಿನವರು ಹಾಗೆ ಮಾಡುವುದಿಲ್ಲ. ಒಂದು ಬಾರ್‌ನಲ್ಲಿ ಒಂದು ತಿಂಡಿ, ಒಂದು ಸಣ್ಣ ಲೋಟ, ನಿಂತೇ ತಿಂದು ಮುಂದಿನ ಬಾರ್‌ಗೆ. ಪ್ರತಿ ಬಾರ್‌ಗೂ ಒಂದು ಹೆಸರುವಾಸಿ ತಿನಿಸು ಇರುತ್ತದೆ, ಅದನ್ನಷ್ಟೇ ಕೇಳುತ್ತಾರೆ. ಒಳ್ಳೆಯದೆಲ್ಲ ಗೋಡೆಯ ಕರಿಹಲಗೆಯ ಮೇಲೆ ಬರೆದಿರುತ್ತದೆ, ಹೇಳಿದ ಮೇಲೆ ಬಿಸಿಯಾಗಿ ಮಾಡಿಕೊಡುತ್ತಾರೆ. ದುಡ್ಡು ಕೊಡುವುದು ಕೊನೆಗೆ. ಎಷ್ಟು ತಿಂದಿರಿ ಅಂತ ನೀವೇ ಹೇಳಬೇಕು, ಅವರು ನಂಬುತ್ತಾರೆ. ಈ ನಂಬಿಕೆ ನನಗೆ ಆ ನಾಡಿನ ಬಗ್ಗೆ ಬಹಳ ಇಷ್ಟವಾದ ಸಂಗತಿ. ಅದರ ಬೇರು ಬೇರೆ ಕಡೆ ಇದೆ, ಸ್ಯಾನ್ ಸೆಬಾಸ್ಟಿಯನ್‌ಗೆ ಬಂದಾಗ ಹೇಳುತ್ತೇನೆ.

ಮಧ್ಯಾಹ್ನದ ಮೇಲೆ ಗುಗ್ಗೆನ್‌ಹೈಮ್ ವಸ್ತು ಸಂಗ್ರಹಾಲಯ. ಟ್ಯಾಕ್ಸಿಯಲ್ಲಿ ಹೋಗಿ ಬಾಗಿಲಲ್ಲಿ ಇಳಿಯಬೇಡಿ. ನದಿ ದಂಡೆಯಲ್ಲೇ ಟ್ರಾಮ್ ಓಡುತ್ತದೆ, ಅದರಲ್ಲಿ ಹೋಗಿ, ಕೊನೆಯ ಸ್ವಲ್ಪ ದೂರ ನಡೆಯಿರಿ. ಈ ದಂಡೆ ಒಂದು ಕಾಲಕ್ಕೆ ಕಬ್ಬಿಣದ ಅದಿರು, ಉಕ್ಕು, ಹಡಗು ಕಟ್ಟೆಗಳಿಂದ ತುಂಬಿತ್ತು. 1980ರ ದಶಕದಲ್ಲಿ ಕಾರ್ಖಾನೆಗಳು ಒಂದೊಂದಾಗಿ ಮುಚ್ಚಿದವು. 1983ರ ಆಗಸ್ಟ್‌ನಲ್ಲಿ ನದಿ ಉಕ್ಕಿ ಹಳೆ ಪೇಟೆ ಮುಳುಗಿತು. ಆಮೇಲೆ ಊರು ತನ್ನನ್ನು ತಾನೇ ಮತ್ತೆ ಕಟ್ಟಿಕೊಂಡಿತು. 1995ರಲ್ಲಿ ನಾರ್ಮನ್ ಫಾಸ್ಟರ್ ವಿನ್ಯಾಸದ ಮೆಟ್ರೊ ಬಂತು, 1997ರಲ್ಲಿ ಫ್ರ್ಯಾಂಕ್ ಗೆಹ್ರಿ ರೂಪಿಸಿದ ಈ ಟೈಟಾನಿಯಂ ಕಟ್ಟಡ. ಒಳಗೆ ಸಮಯ ಕಡಿಮೆ ಇದ್ದರೆ ರಿಚರ್ಡ್ ಸೆರ್ರಾ ಮಾಡಿದ ದೊಡ್ಡ ಉಕ್ಕಿನ ಗೋಡೆಗಳ ಕೋಣೆಯೊಂದನ್ನೇ ನೋಡಿ. ಬಾಗಿದ ಉಕ್ಕಿನ ಹಾದಿಯಲ್ಲಿ ನಡೆಯುತ್ತಾ ಹೋದರೆ ನಿಮ್ಮ ಹೆಜ್ಜೆಯ ಸದ್ದು ಬದಲಾಗುತ್ತದೆ. ಉಕ್ಕಿನಿಂದ ಬದುಕಿದ ಊರಿನಲ್ಲಿ ಆ ಕೋಣೆ ಇರುವುದು ಎಷ್ಟು ಸರಿ ಅನ್ನಿಸುತ್ತದೆ. ಅವತ್ತು ರಾತ್ರಿ ಭಾನುವಾರ ಅನ್ನುವುದು ನೆನಪಿರಲಿ, ತಿನ್ನಲು ಏನಾದರೂ ಮೊದಲೇ ತಂದಿಟ್ಟುಕೊಳ್ಳಿ.

ಸೋಮವಾರ ಗೆರ್ನಿಕಾ. ಬಿಲ್ಬಾವೊದಿಂದ ಎವುಸ್ಕೊತ್ರೆನ್ ರೈಲಿನಲ್ಲಿ ಸುಮಾರು ಒಂದು ತಾಸು. ಈ ಊರಿಗೆ ಸೋಮವಾರವೇ ಹೋಗಿ ಅಂತ ನಾನು ಹಟ ಹಿಡಿಯುವುದಕ್ಕೆ ಕಾರಣ ಇದೆ. 1937ರ ಏಪ್ರಿಲ್ 26 ಸೋಮವಾರವಾಗಿತ್ತು, ಸಂತೆಯ ದಿನ. ಸ್ಪೇನ್‌ನ ಅಂತರ್ಯುದ್ಧದಲ್ಲಿ, ಆಮೇಲೆ ಸರ್ವಾಧಿಕಾರಿಯಾದ ಜನರಲ್ ಫ್ರಾಂಕೊ ಪರವಾಗಿ ಬಂದ ಜರ್ಮನಿಯ ಕಾಂಡೊರ್ ಪಡೆ ಮತ್ತು ಇಟಲಿಯ ವಿಮಾನಗಳು ಮಧ್ಯಾಹ್ನದಿಂದ ಸಂಜೆವರೆಗೆ ಬಾಂಬ್ ಹಾಕಿ ಊರನ್ನು ಸುಟ್ಟವು. ಪಿಕಾಸೊ ಅದೇ ವರ್ಷ ಬರೆದ ಚಿತ್ರ ಮ್ಯಾಡ್ರಿಡ್‌ನಲ್ಲಿದೆ. ಇಲ್ಲಿ ಗೋಡೆಯೊಂದರ ಮೇಲೆ ಹೆಂಚುಗಳಲ್ಲಿ ಮಾಡಿದ ಅದರ ಪ್ರತಿ ಇದೆ. ಆ ಸಂತೆ ಇವತ್ತಿಗೂ ಸೋಮವಾರವೇ ನಡೆಯುತ್ತದೆ. ಸುತ್ತಲಿನ ತೋಟದ ಮನೆಗಳಿಂದ ವಯಸ್ಸಾದ ಹೆಂಗಸರು ತಮ್ಮ ಬೀನ್ಸ್, ಮೆಣಸಿನಕಾಯಿ, ಚೀಸ್ ತಂದು ಮಾರುತ್ತಾರೆ. ನಿಮ್ಮತ್ತೆ ಅವರ ಜತೆ ಕೈಸನ್ನೆಯಲ್ಲೇ ಮಾತಾಡಿಯಾರು. ಅವತ್ತು ಶಾಂತಿ ವಸ್ತು ಸಂಗ್ರಹಾಲಯ ಸಾಮಾನ್ಯವಾಗಿ ಮುಚ್ಚಿರುತ್ತದೆ. ಎರಡರಲ್ಲಿ ಒಂದು ಆರಿಸಬೇಕಾದರೆ ನಾನು ಸಂತೆಯನ್ನೇ ಆರಿಸುತ್ತೇನೆ. ಸಂತೆಯಿಂದ ಸ್ವಲ್ಪ ಮೇಲೆ ಸಭಾಭವನ ಇದೆ, ಅದರ ಅಂಗಳದಲ್ಲಿ ಓಕ್ ಮರ. ಬಿಸ್ಕಾಯಾ ಪ್ರಾಂತ್ಯದ ಒಡೆಯರು ಜನರ ಹಕ್ಕುಗಳನ್ನು ಕಾಯುತ್ತೇವೆ ಅಂತ ಆಣೆ ಮಾಡುತ್ತಿದ್ದದ್ದು ಇಲ್ಲಿನ ಮರದ ಕೆಳಗೆ. ಬಾಂಬ್ ದಾಳಿಯಲ್ಲಿ ಭವನವೂ ಉಳಿಯಿತು, ಮರವೂ ಉಳಿಯಿತು. ಆ ಮರ ಆಮೇಲೆ ರೋಗ ಬಂದು ಒಣಗಿತು. ಈಗಿನದು ಅದೇ ಪೀಳಿಗೆಯ ಎಳೆ ಮರ. ಬಾಸ್ಕ್ ಸರ್ಕಾರದ ಮುಖ್ಯಸ್ಥರು ಇವತ್ತಿಗೂ ಅಲ್ಲೇ ಪ್ರಮಾಣ ಮಾಡುತ್ತಾರೆ.

ಮಂಗಳವಾರ ಬೆಳಗ್ಗೆ ರಿಬೇರಾ ಮಾರುಕಟ್ಟೆ ನೋಡಿ. ನದಿಗೆ ತಾಗಿಕೊಂಡಿದೆ, 1929ರ ಕಟ್ಟಡ. ಗಂಡನಿಗೆ ಅಲ್ಲೇ ಹಳೆ ಪೇಟೆಯಲ್ಲಿ 'ಪಿಲ್ ಪಿಲ್' ಕಾಡ್ ಮೀನಿನ ಊಟ ಹೇಳಿ. ಉಪ್ಪು ಹಚ್ಚಿ ಒಣಗಿಸಿದ ಮೀನನ್ನು ಒಂದೆರಡು ದಿನ ನೀರು ಬದಲಿಸುತ್ತಾ ನೆನೆಸುತ್ತಾರೆ. ಬೆಳ್ಳುಳ್ಳಿ ಹಾಕಿದ ಆಲಿವ್ ಎಣ್ಣೆಯಲ್ಲಿ ಸಣ್ಣ ಉರಿಯಲ್ಲಿಟ್ಟು ಬಾಣಲೆಯನ್ನು ತೂಗುತ್ತಾ ಇರುತ್ತಾರೆ. ಮೀನಿನ ಚರ್ಮದಿಂದ ಬರುವ ಜೆಲಟಿನ್ ಎಣ್ಣೆಯ ಜತೆ ಬೆರೆತು ಗಟ್ಟಿ ಸಾಸ್ ಆಗುತ್ತದೆ. ಹಿಟ್ಟಿಲ್ಲ, ಕೆನೆ ಇಲ್ಲ. ಬರೀ ಕೈಚಳಕ. ಊಟ ಆದ ಮೇಲೆ ಮೆಟ್ರೊ ಹತ್ತಿ ಪೊರ್ತುಗಲೇತೆಗೆ ಹೋಗಿ. ಅಲ್ಲಿ 1893ರ ಬಿಸ್ಕಾಯಾ ಸೇತುವೆ ಇದೆ. ಎತ್ತರದ ಕಬ್ಬಿಣದ ಚೌಕಟ್ಟಿನಿಂದ ತಂತಿಗಳಲ್ಲಿ ಒಂದು ತೊಟ್ಟಿಲು ಇಳಿಬಿಟ್ಟಿದ್ದಾರೆ. ಜನ, ಕಾರು ಎಲ್ಲ ಹತ್ತಿಸಿಕೊಂಡು ಅದು ನೀರಿನ ಮೇಲೆ ಆಚೆ ದಡಕ್ಕೆ ತೇಲಿದ ಹಾಗೆ ಹೋಗುತ್ತದೆ. ಹಡಗುಗಳಿಗೆ ಅಡ್ಡಿಯಾಗಬಾರದು ಅಂತ ಮಾಡಿದ ಉಪಾಯ. ಈ ತರಹದ ಸೇತುವೆಗಳಲ್ಲಿ ಜಗತ್ತಿನಲ್ಲೇ ಮೊದಲನೆಯದು. ಮೆಟ್ಟಿಲು ಹತ್ತುವ ಕಷ್ಟ ಇಲ್ಲ, ಅತ್ತೆಗೂ ಸುಲಭ. ಸಂಜೆ ಬಸ್ಸಿಗೆ ಸ್ಯಾನ್ ಸೆಬಾಸ್ಟಿಯನ್ ತಲುಪಿ.

ಬಸ್ಸಿನಲ್ಲಿ ಕೂತಾಗ ಒಂದಿಷ್ಟು ಫಲಕ ಓದಲು ಕಲಿಯಿರಿ. ಊರಿನವರು ಸ್ಯಾನ್ ಸೆಬಾಸ್ಟಿಯನ್ ಅನ್ನು ಡೊನೋಸ್ತಿಯಾ ಅನ್ನುತ್ತಾರೆ. ಅವರ ಭಾಷೆ ಎವುಸ್ಕರಾ. ಅದಕ್ಕೆ ಜಗತ್ತಿನ ಯಾವ ಭಾಷೆಯೊಂದಿಗೂ ನಂಟು ಸಾಬೀತಾಗಿಲ್ಲ, ಕನ್ನಡದೊಂದಿಗೂ ಇಲ್ಲ. ಆದರೆ ಕಟ್ಟುವ ಬಗೆ ನೋಡಿದರೆ ನಮಗೆ ಆಪ್ತ ಅನ್ನಿಸುತ್ತದೆ. ಮನೆಗೆ 'ಎಚೆ' ಅನ್ನುತ್ತಾರೆ. ಮನೆಯಲ್ಲಿ ಅಂದರೆ 'ಎಚೆಯನ್', ಮನೆಯಿಂದ ಅಂದರೆ 'ಎಚೆತಿಕ್', ಮನೆಗೆ ಅಂದರೆ 'ಎಚೆರಾ'. ನಮ್ಮ ವಿಭಕ್ತಿಯ ಹಾಗೆ ಬಾಲ ಅಂಟಿಸುತ್ತಾ ಹೋಗುತ್ತಾರೆ. ಕ್ರಿಯಾಪದ ಕೂಡ ಸಾಮಾನ್ಯವಾಗಿ ಕೊನೆಗೇ ಬರುತ್ತದೆ. ಓದುವಾಗ ಟಿ ಮತ್ತು ಎಕ್ಸ್ ಒಟ್ಟಿಗೆ ಬಂದರೆ 'ಚ', ಎಕ್ಸ್ ಒಂದೇ ಬಂದರೆ 'ಶ'. ಬಾಗಿಲ ಮೇಲೆ 'ಇರೆಕಿತಾ' ಅಂದರೆ ತೆರೆದಿದೆ, 'ಇಚಿತಾ' ಅಂದರೆ ಮುಚ್ಚಿದೆ. 'ಕೈಶೊ' ನಮಸ್ಕಾರ, 'ಎಸ್ಕೆರ್ರಿಕ್ ಅಸ್ಕೊ' ಧನ್ಯವಾದ. ಫ್ರಾಂಕೊ ಕಾಲದಲ್ಲಿ ಈ ಭಾಷೆಯನ್ನು ಶಾಲೆಯಿಂದ, ಕಚೇರಿಯಿಂದ ಹೊರಗಿಟ್ಟಿದ್ದರು. ಅದಕ್ಕೇ ಒಬ್ಬ ಹೊರಗಿನವರು ಬಾಯಿ ತುಂಬ 'ಎಸ್ಕೆರ್ರಿಕ್ ಅಸ್ಕೊ' ಅಂದರೆ ಅಲ್ಲಿನವರ ಮುಖ ಅರಳುತ್ತದೆ. ಭಾಷೆ ಉಳಿಸಿಕೊಳ್ಳುವ ಕಷ್ಟ ಗೊತ್ತಿರುವ ನಮಗೆ ಅದು ಚೆನ್ನಾಗಿ ಅರ್ಥವಾಗುತ್ತದೆ.

ಬುಧವಾರ ಡೊನೋಸ್ತಿಯಾಗೇ ಇರಲಿ. ಏನೂ ತುರುಕಬೇಡಿ. ಲಾ ಕೊಂಚಾ ಕಡಲತೀರ ಅರ್ಧಚಂದ್ರದ ಹಾಗೆ ಬಾಗಿದೆ, ದಡದ ಹಾದಿ ಸಮತಟ್ಟು, ಕೂರಲು ಬೆಂಚುಗಳಿವೆ. ಅತ್ತೆ ಅಲ್ಲಿ ಎಷ್ಟು ಬೇಕಾದರೂ ನಡೆಯಬಹುದು. ಪಶ್ಚಿಮದ ತುದಿಯಲ್ಲಿ ಬಂಡೆಗಳಿಗೆ ಕಚ್ಚಿಕೊಂಡ ಉಕ್ಕಿನ ಮೂರು ಶಿಲ್ಪಗಳಿವೆ, ಅದೇ ಊರಿನ ಎದುವಾರ್ದೊ ಚಿಯಿದಾ ಮಾಡಿದ್ದು. ಹೆಸರು 'ಗಾಳಿಯ ಬಾಚಣಿಗೆ'. ಅಲೆ ಜೋರಿದ್ದ ದಿನ ನೆಲದ ತೂತುಗಳಿಂದ ಕಡಲು ಉಸಿರು ಬಿಡುತ್ತದೆ. ಪಕ್ಕದಲ್ಲೇ 1912ರಿಂದ ಓಡುತ್ತಿರುವ ಫ್ಯುನಿಕ್ಯುಲರ್, ಅಂದರೆ ತಂತಿಹಗ್ಗ ಎಳೆಯುವ ಸಣ್ಣ ರೈಲು ಇದೆ, ಅದರಲ್ಲಿ ಇಗೆಲ್ದೊ ಗುಡ್ಡ ಹತ್ತಬಹುದು.

ಹಳೆ ಪೇಟೆಯಲ್ಲಿ 'ಆಗಸ್ಟ್ 31' ಅನ್ನುವ ಬೀದಿ ಇದೆ. 1813ರ ಆ ದಿನ ಬ್ರಿಟಿಷ್ ಮತ್ತು ಪೋರ್ಚುಗೀಸ್ ಸೈನಿಕರು ಫ್ರೆಂಚರಿಂದ ಊರನ್ನು ಕಿತ್ತುಕೊಂಡು, ಆಮೇಲೆ ಊರಿಗೇ ಬೆಂಕಿ ಇಟ್ಟರು. ಉಳಿದದ್ದು ಆ ಬೀದಿಯ ಒಂದಷ್ಟು ಮನೆ ಮತ್ತು ಚರ್ಚುಗಳು. ಮಿಕ್ಕಿದ್ದೆಲ್ಲ ಆಮೇಲೆ ಕಟ್ಟಿದ್ದು. ಇವತ್ತು ಅದೇ ಬೀದಿಯ ಲಾ ವಿನ್ಯಾ ಅನ್ನುವ ಬಾರಿನ ಮುಂದೆ ಜನ ಸಾಲು ನಿಲ್ಲುತ್ತಾರೆ. ಜಗತ್ತೆಲ್ಲ ಹರಡಿರುವ, ಬೆಂಗಳೂರಿನ ಬೇಕರಿಗಳಿಗೂ ಬಂದಿರುವ 'ಬಾಸ್ಕ್ ಚೀಸ್‌ಕೇಕ್' ಹುಟ್ಟಿದ್ದು ಇಲ್ಲೇ. ಮೇಲೆ ಕಪ್ಪಗೆ ಸುಟ್ಟಿರುತ್ತದೆ, ಒಳಗೆ ಇನ್ನೂ ಹರಿಯುವಷ್ಟು ಮೆತ್ತಗೆ. ಮೊಟ್ಟೆ ಇದೆ, ಹಾಗಾಗಿ ಇದು ನಿಮಗೆ, ಅತ್ತೆಗಲ್ಲ. ಗಂಡನಿಗೆ 'ಗಿಲ್ಡಾ' ಕೊಡಿಸಿ: ಕಡ್ಡಿಗೆ ಚುಚ್ಚಿದ ಆಲಿವ್, ಇಬಾರ್ರಾ ಮೆಣಸಿನಕಾಯಿ, ಆಂಚೋವಿ ಮೀನು. ಖಾರ, ಉಪ್ಪು, ತುಂಟತನ ಮೂರೂ ಇದೆ ಅಂತ 1940ರ ದಶಕದಲ್ಲಿ ಗಿಲ್ಡಾ ಅನ್ನುವ ಹಾಲಿವುಡ್ ಚಿತ್ರದ ನಾಯಕಿಯ ಹೆಸರಿಟ್ಟರು. ಆಂಚೋವಿ ಬಿಟ್ಟು ಚುಚ್ಚಿಕೊಡಿ ಅಂದರೆ ಅತ್ತೆಗೂ ಒಂದು ಸಿಗುತ್ತದೆ.

ಆಗ ಹೇಳಿದ ನಂಬಿಕೆಯ ಬೇರು ಇಲ್ಲಿದೆ. ಊರ ತುಂಬ 'ಚೊಕೊ' ಅನ್ನುವ ಅಡುಗೆ ಸಂಘಗಳಿವೆ. 1870ರಷ್ಟು ಹಳೆಯವೂ ಇವೆ. ಸದಸ್ಯರು ಸಂಜೆ ಸೇರಿ ತಾವೇ ಅಡುಗೆ ಮಾಡಿ ಒಟ್ಟಿಗೆ ಉಣ್ಣುತ್ತಾರೆ. ಉಗ್ರಾಣದಿಂದ ಎಷ್ಟು ಎಣ್ಣೆ, ಎಷ್ಟು ವೈನ್ ತಗೊಂಡೆವು ಅಂತ ತಾವೇ ಬರೆದಿಟ್ಟು ದುಡ್ಡು ಹಾಕಿ ಹೋಗುತ್ತಾರೆ. ಕಾಯುವವರು ಯಾರೂ ಇಲ್ಲ. ಬಹುಕಾಲ ಇವು ಗಂಡಸರ ಸಂಘಗಳೇ ಆಗಿದ್ದವು. ಹೆಂಗಸರಿಗೆ ಅತಿಥಿಯಾಗಿ ಬರಲು ಮಾತ್ರ ಅವಕಾಶ. ಅದು ನ್ಯಾಯವಲ್ಲ ಅಂತ ಅಲ್ಲಿಯವರೇ ಜಗಳ ತೆಗೆದು ಎಷ್ಟೋ ಕಡೆ ಬದಲಾಯಿಸಿದ್ದಾರೆ. ಪ್ರವಾಸಿಗರು ಸುಮ್ನೆ ಒಳಗೆ ಹೋಗುವಂತಿಲ್ಲ, ಸದಸ್ಯರು ಕರೆಯಬೇಕು. ಯಾರಾದರೂ ಕರೆದರೆ ಬೇರೆ ಎಲ್ಲ ಬಿಟ್ಟು ಹೋಗಿ. ಅರ್ಸಾಕ್, ಮುಗಾರಿತ್ಸ್‌ನಂಥ ದೊಡ್ಡ ಹೋಟೆಲುಗಳ ಬಗ್ಗೆ ನೀವು ಕೇಳಿರುತ್ತೀರಿ. ಹ್ವಾನ್ ಮಾರಿ ಅರ್ಸಾಕ್, ಪೆದ್ರೊ ಸುಬಿಹಾನಾ ಮತ್ತು ಗೆಳೆಯರು 1970ರ ದಶಕದಲ್ಲಿ ಹೊಸ ಬಾಸ್ಕ್ ಅಡುಗೆ ಶುರು ಮಾಡಿದ್ದರಿಂದಲೇ ಈ ಊರಿಗೆ ಇಷ್ಟು ಹೆಸರು. ಆದರೆ ಮೂರು ಬೇರೆ ಬೇರೆ ಊಟದ ನಿಮ್ಮ ಕುಟುಂಬಕ್ಕೆ ಅಲ್ಲಿ ಮೂರು ತಾಸು ಕೂರುವುದನ್ನು ನಾನು ಹೇಳಲಾರೆ. ಆ ದುಡ್ಡಿಗೆ ಗೆತಾರಿಯಾದಲ್ಲಿ ಊಟ ಮಾಡಿ.

ಗೆತಾರಿಯಾ ಗುರುವಾರಕ್ಕೆ. ಬಸ್ಸಿನಲ್ಲಿ ಮುಕ್ಕಾಲು ತಾಸು. ಸಣ್ಣ ಮೀನುಗಾರರ ಊರು, ಬೀದಿಯಲ್ಲೇ ಇದ್ದಿಲ ಒಲೆ, ಮೇಲೆ ಇಡೀ ಟರ್ಬೊಟ್ ಮೀನು. ಗಂಡನಿಗೆ ಅದನ್ನೇ ಹೇಳಿ. ಅದು ಇಬ್ಬರಿಗಾಗುವ ಮೀನು, ನೀವಿಬ್ಬರೂ ತಿನ್ನುವುದಿಲ್ಲ, ಹಾಗಾಗಿ ಸಣ್ಣದು ಇದೆಯಾ ಅಂತ ಮೊದಲೇ ಫೋನ್ ಮಾಡಿ ಕೇ‌ಳಿ. ನಾವಿಕ ಮೆಗಲನ್ ದಾರಿಯಲ್ಲಿ ಸತ್ತ ಮೇಲೆ, 1522ರಲ್ಲಿ ಉಳಿದ ಒಂದೇ ಹಡಗನ್ನು ತಾನೂ ಸೇರಿ 18 ಜನರೊಂದಿಗೆ ವಾಪಸ್ ತಂದು ಭೂಮಿ ಸುತ್ತಿದ ಯಾನ ಮುಗಿಸಿದ ಎಲ್ಕಾನೊ ಈ ಊರಿನವನು. ಹಡಗಿನಲ್ಲಿ ತುಂಬಿದ್ದದ್ದು ಲವಂಗ. ವಸ್ತ್ರ ವಿನ್ಯಾಸಕ ಬಲೆನ್ಸಿಯಾಗಾ ಕೂಡ ಇಲ್ಲೇ ಹುಟ್ಟಿದ್ದು, ತಾಯಿ ಹೊಲಿಗೆ ಮಾಡುತ್ತಿದ್ದಳು. ಅವನ ಉಡುಪುಗಳ ವಸ್ತು ಸಂಗ್ರಹಾಲಯ ಗುಡ್ಡದ ಮೇಲಿದೆ, ಹತ್ತಲು ಎಸ್ಕಲೇಟರ್ ಇದೆ. ಸೀರೆಯ ಬಟ್ಟೆ ಮುಟ್ಟಿ ನೋಡಿಯೇ ಗುಣ ಹೇಳುವವರಿಗೆ ಅಲ್ಲಿ ಎರಡು ತಾಸು ಸಾಲದು. ಸುತ್ತಲಿನ ಇಳಿಜಾರಿನ ದ್ರಾಕ್ಷಿಯಿಂದ 'ಚಾಕೊಲಿ' ಅನ್ನುವ ತೆಳು ಬಿಳಿ ವೈನ್ ಮಾಡುತ್ತಾರೆ, ಎತ್ತರದಿಂದ ಲೋಟಕ್ಕೆ ಸುರಿಯುತ್ತಾರೆ. ಸಂಜೆ ವಾಪಸ್ ಬಂದು ನದಿಯಾಚೆಯ ಗ್ರೋಸ್ ಬಡಾವಣೆಗೆ ಹೋಗಿ, ಅವತ್ತೇ ಪಿಂಚೊ ಪೋತೆ.

ಶುಕ್ರವಾರ ಬಯೋನ್. ಡೊನೋಸ್ತಿಯಾದಿಂದ 'ತೋಪೊ' ಅನ್ನುವ ಸಣ್ಣ ರೈಲು ಗಡಿಯ ಊರು ಆಂದೈವರೆಗೆ ಹೋಗುತ್ತದೆ, ಅಲ್ಲಿಂದ ಫ್ರೆಂಚ್ ರೈಲು. ಪಾಸ್‌ಪೋರ್ಟ್ ಜತೆಯಲ್ಲಿರಲಿ, ಗಡಿಯಲ್ಲಿ ಪೊಲೀಸರು ಕೆಲವೊಮ್ಮೆ ಕೇಳುತ್ತಾರೆ. ಸ್ಪೇನ್, ಪೋರ್ಚುಗಲ್‌ನಿಂದ ಓಡಿ ಬಂದ ಯಹೂದಿಗಳು ಈ ಊರಿಗೆ ಚಾಕೊಲೇಟ್ ಮಾಡುವ ವಿದ್ಯೆ ತಂದರು. ಕಾಸನಾವ್ ಅನ್ನುವ ಅಂಗಡಿಯಲ್ಲಿ 1854ರಿಂದ ನೊರೆ ಬರಿಸಿದ ಬಿಸಿ ಚಾಕೊಲೇಟ್ ಕೊಡುತ್ತಾ ಬಂದಿದ್ದಾರೆ, ಜತೆಗೆ ಬೆಣ್ಣೆ ಹಚ್ಚಿದ ಟೋಸ್ಟ್. ಇಡೀ ಪ್ರವಾಸದಲ್ಲಿ ಅತ್ತೆ ಯಾವ ಚೀಟಿಯೂ ತೋರಿಸದೆ ತಿನ್ನಬಹುದಾದ ಜಾಗ ಇದು. ಅಲ್ಲಿ ಎಸ್ಪೆಲೆತ್ ಹಳ್ಳಿಯ ಮೆಣಸಿನಪುಡಿಯ ಡಬ್ಬಿ ನೋಡಿ. ಖಾರ ಕಡಿಮೆ, ಬಣ್ಣ ಪರಿಮಳ ಜಾಸ್ತಿ. ಆ ಹಳ್ಳಿಯಲ್ಲಿ ಮನೆಯ ಬಿಳಿ ಗೋಡೆಗೆ ಮೆಣಸಿನಕಾಯಿ ಮಾಲೆ ಕಟ್ಟಿ ಒಣಗಿಸುತ್ತಾರೆ. ಬ್ಯಾಡಗಿಯ ಹತ್ತಿರದವರಾದ ನಿಮಗೆ ನಾನು ಇದಕ್ಕಿಂತ ಹೆಚ್ಚು ಹೇಳಬೇಕಾಗಿಲ್ಲ. ಎರಡೂ ಅಮೆರಿಕಾ ಖಂಡದಿಂದ ಹೊರಟ ಒಂದೇ ಮೆಣಸಿನಕಾಯಿಯ ಮಕ್ಕಳು.

ಶನಿವಾರ ಬೆಳಗ್ಗೆ ಚೀಲಗಳನ್ನು ಮನೆಯಲ್ಲೇ ಬಿಟ್ಟು ತೊಲೋಸಾಕ್ಕೆ ಹೋಗಿ. ರೈಲಿನಲ್ಲಿ ಅರ್ಧ ತಾಸು. ನದಿ ದಂಡೆಯ ಮೇಲೆ ಚಾವಣಿ ಹಾಕಿದ ಸಂತೆಕಟ್ಟೆ. ತೊಲೋಸಾದ ಕಪ್ಪು ಬೀನ್ಸ್ ಇಲ್ಲಿಯ ರಾಜ. ಈರುಳ್ಳಿ, ಎಣ್ಣೆ ಹಾಕಿ ತಾಸುಗಟ್ಟಲೆ ಸಣ್ಣ ಉರಿಯಲ್ಲಿ ಬೇಯಿಸಿದರೆ ಚಾಕೊಲೇಟ್ ಬಣ್ಣದ ಗಟ್ಟಿ ಸಾರು ಬಿಡುತ್ತದೆ. ಮಾಂಸ, ಎಲೆಕೋಸು, ಮೆಣಸಿನಕಾಯಿ ಪಕ್ಕದಲ್ಲಿ ಬೇರೆ ಬರುತ್ತವೆ. ಬೀನ್ಸ್ ಜತೆ ಮಾಂಸ ಬೇಯಿಸಿಲ್ಲ ತಾನೇ ಅಂತ ಕೇಳಿ, ಅತ್ತೆಗೆ ಬೀನ್ಸ್, ಕೋಸು, ಮೆಣಸಿನಕಾಯಿ ತರಿಸಿ. ಕಾಳಿನ ಸಾರು ಉಂಡು ಬೆಳೆದವರು ಆ ತಟ್ಟೆಯನ್ನು ಖಾಲಿ ಮಾಡದೆ ಏಳುವುದಿಲ್ಲ. ಆಮೇಲೆ ವಾಪಸ್ ಬಂದು ಚೀಲ ತಗೊಂಡು ವಿಟೋರಿಯಾ ಬಸ್ಸು ಹತ್ತಿ.

ವಿಟೋರಿಯಾಗೆ ಹೆಚ್ಚು ಪ್ರವಾಸಿಗರು ಬರುವುದಿಲ್ಲ, ಅದೇ ಅದರ ಚೆಂದ. ಬಾಸ್ಕ್ ಸರ್ಕಾರ, ಸಂಸತ್ತು ಇರುವುದು ಇಲ್ಲಿ. 2012ರಲ್ಲಿ ಯುರೋಪಿನ ಹಸಿರು ರಾಜಧಾನಿ ಅನ್ನಿಸಿಕೊಂಡ ಊರು. ಹಳೆ ಪೇಟೆ ಬಾದಾಮಿ ಆಕಾರದ ದಿಬ್ಬದ ಮೇಲಿದೆ, ಹತ್ತಲು ಚಲಿಸುವ ಇಳಿಜಾರು ದಾರಿ ಹಾಕಿದ್ದಾರೆ, ಮಂಡಿಗೆ ಆರಾಮ. ಭಾನುವಾರ ಬೆಳಗ್ಗೆ ಸಾಂತಾ ಮಾರಿಯಾ ಕ್ಯಾಥೆಡ್ರಲ್ ನೋಡಿ. ಕುಸಿಯುತ್ತಿದ್ದ ಕಟ್ಟಡವನ್ನು ದುರಸ್ತಿ ಮಾಡುತ್ತಲೇ ಜನರಿಗೆ ತೋರಿಸಿದ್ದು ಇದರ ವಿಶೇಷ. ಗೋಪುರದ ಮೆಟ್ಟಿಲು ಅತ್ತೆಗೆ ಬೇಡ. 2021ರಲ್ಲಿ ತೆರೆದ ಭಯೋತ್ಪಾದನೆಯ ಬಲಿಪಶುಗಳ ಸ್ಮಾರಕ ಕೇಂದ್ರವೂ ಈ ಊರಿನಲ್ಲಿದೆ. ಬಾಸ್ಕ್ ನಾಡು ಸ್ವತಂತ್ರವಾಗಬೇಕು ಅಂತ ಬಂದೂಕು ಹಿಡಿದಿದ್ದ ಈಟಾ ಸಂಘಟನೆ ಸಶಸ್ತ್ರ ಹೋರಾಟ ನಿಲ್ಲಿಸುವುದಾಗಿ ಸಾರಿದ್ದು 2011ರಲ್ಲಿ, ವಿಸರ್ಜನೆಯಾದದ್ದು 2018ರಲ್ಲಿ. ಎಷ್ಟೋ ಮನೆಗಳಲ್ಲಿ ಆ ಗಾಯ ಇನ್ನೂ ಹಸಿ. ಬಾರಿನಲ್ಲಿ ಪಕ್ಕ ನಿಂತವರನ್ನು ಅದರ ಬಗ್ಗೆ ಕೇಳಬೇಡಿ, ಅವರೇ ಹೇಳಿದರೆ ಕೇಳಿಸಿಕೊಳ್ಳಿ.

ಬುಕ್ ಮಾಡುವ ಕ್ರಮ ಹೀಗಿರಲಿ. ಮೊದಲು ವೀಸಾ. ಎಲ್ಲ ರಾತ್ರಿಯೂ ಸ್ಪೇನ್‌ನಲ್ಲೇ ಇರುವುದರಿಂದ ಸ್ಪೇನ್ ಮೂಲಕವೇ ಷೆಂಗನ್ ವೀಸಾಕ್ಕೆ (ಯುರೋಪಿನ ಹಲವು ದೇಶಗಳಿಗೆ ಒಂದೇ ವೀಸಾ) ಅರ್ಜಿ ಹಾಕಿ, ಬಯೋನ್‌ಗೂ ಅದೇ ಸಾಕು. ಪ್ರಯಾಣಕ್ಕೆ ಆರು ತಿಂಗಳು ಇರುವಾಗಲೇ ಅರ್ಜಿ ಹಾಕಬಹುದು. ಮೇ ತಿಂಗಳಿಗೆ ಭಾರತದಿಂದ ಬಹಳ ಜನ ಹೋಗುತ್ತಾರೆ, ತಡ ಮಾಡಬೇಡಿ. ಆಮೇಲೆ ಡೊನೋಸ್ತಿಯಾದ ಮನೆ, ಬೇಗ ತುಂಬುವುದು ಅದೇ. ಕೊನೆಗೆ ಗೆತಾರಿಯಾ ಊಟ, ಗುಗ್ಗೆನ್‌ಹೈಮ್, ಕ್ಯಾಥೆಡ್ರಲ್. ಛತ್ರಿ, ಜಾರದ ಚಪ್ಪಲಿ ಬೇಕು. ಅಲ್ಲಿ 'ಸಿರಿಮಿರಿ' ಅನ್ನುವ ಮಳೆ ಬರುತ್ತದೆ, ನಮ್ಮ ಸೋನೆ ಮಳೆಯ ಹಾಗೆ ಸದ್ದಿಲ್ಲದೆ ನೆನೆಸಿಬಿಡುತ್ತದೆ.

ತೊಲೋಸಾ ಸಂತೆಯಲ್ಲಿ ಇಬಾರ್ರಾ ಮೆಣಸಿನಕಾಯಿಯ ಬಾಟಲಿಗಳು ಸಿಗುತ್ತವೆ, ಪಕ್ಕದ ಊರಿನದೇ ಬೆಳೆ. ಅತ್ತೆಗೆ ಎರಡು ಬಾಟಲಿ ಕೊಡಿಸಿ. ಒಳಗೆ ವಿನೆಗರ್ ಇರುವುದರಿಂದ ಕೈಚೀಲದಲ್ಲಿ ಬಿಡುವುದಿಲ್ಲ. ಬಟ್ಟೆಯಲ್ಲಿ ಸುತ್ತಿ ದೊಡ್ಡ ಪೆಟ್ಟಿಗೆಯಲ್ಲಿಡಿ.